ಸೈಜ್ ಕಲ್ಲಿನ ಗೋಡೆಗೆ ಜಿಪ್ಸಮ್ ಬೋರ್ಡ್ ಲೈನಿಂಗ್: ಸ್ವಿಚ್ ಬಾಕ್ಸ್ ಯಾವುದಕ್ಕೆ ಹಿಡಿಸಬೇಕು?

ಕಲ್ಲುಗೋಡೆ_ತುಮಕೂರು

ಎಲ್ಲರಿಗೂ ನಮಸ್ಕಾರ. ತುಮಕೂರಿನಲ್ಲಿ ಅಪ್ಪ ಕಟ್ಟಿಸಿದ ಮನೆಗೆ ಹೊಸ ವೈರಿಂಗ್ ಮಾಡಿಸಬೇಕಾಗಿದೆ. ಹೊರಗೋಡೆ ಪೂರ್ತಿ ಸೈಜ್ ಕಲ್ಲು, ಒಳಗಡೆ ತೆಳು ಸಿಮೆಂಟ್ ಗಾರೆ, ಮೇಲೆ ಆರ್‌ಸಿಸಿ, ನೆಲ ರೆಡ್ ಆಕ್ಸೈಡ್. ಈಗಿರುವ ವೈರಿಂಗ್ ಮರದ ರೀಪರ್ ಮೇಲೆ ಕ್ಲಿಪ್ ಹೊಡೆದ ಹಳೇ ಕಾಲದ್ದು. ವೈರ್ ಅಲ್ಯೂಮಿನಿಯಂ. ಅರ್ತ್ ಕೆಲವು ಪಾಯಿಂಟ್‌ಗೆ ಇದೆ, ಕೆಲವಕ್ಕೆ ಇಲ್ಲ.

ಕಲ್ಲು ಕೊರೆದು ಪೈಪ್ ಹಾಕಲು ಯಾರೂ ಒಪ್ಪುತ್ತಿಲ್ಲ. ಒಪ್ಪಿದವರು ಹೇಳುವ ರೇಟ್ ಕೇಳಿದರೆ ನಾನೇ ಒಪ್ಪಲ್ಲ. ಇಂಟೀರಿಯರ್ ಕೆಲಸದವರೊಬ್ಬರು ಬೇರೆ ದಾರಿ ಹೇಳಿದರು. ಗೋಡೆಯ ಒಳಮೈಗೆ ಜಿಐ (ಸತು ಲೇಪಿಸಿದ ತಗಡಿನ) ಫ್ರೇಮ್ ಕಟ್ಟಿ ಜಿಪ್ಸಮ್ ಬೋರ್ಡ್ ಹೊಡೆದರೆ ಪೈಪೆಲ್ಲ ಅದರ ಹಿಂದೆ ಹೋಗುತ್ತದೆ, ಗೋಡೆಯ ಉಬ್ಬುತಗ್ಗೂ ಮುಚ್ಚುತ್ತದೆ ಅಂತ. ಕೇಳಲು ಚೆನ್ನಾಗಿದೆ. ಆದರೆ ರೂಮ್ 10 ಅಡಿಗೆ 11 ಅಡಿ ಅಷ್ಟೇ. ಅವರು "ಒಂದು ಇಂಚಿನ ಫ್ರೇಮ್ ಸಾಕು" ಅನ್ನುತ್ತಾರೆ. ಎಲೆಕ್ಟ್ರಿಷಿಯನ್ "ನನ್ನ ಬಾಕ್ಸೇ ಎರಡು ಇಂಚು ಆಳ ಇದೆ, ಒಂದು ಇಂಚಲ್ಲಿ ಎಲ್ಲಿ ಕೂರಿಸಲಿ" ಅನ್ನುತ್ತಾರೆ. ಇಬ್ಬರೂ ಒಂದೇ ದಿನ ಸೈಟಿಗೆ ಬರುವುದಿಲ್ಲ. ಹಾಗಾಗಿ ಜಗಳ ನನ್ನ ಫೋನಲ್ಲೇ ನಡೆಯುತ್ತಿದೆ.

ಬಾಕ್ಸನ್ನು ಹಿಂದಿನ ಕಲ್ಲುಗೋಡೆಗೆ ಹಿಡಿಸಬೇಕಾ, ಫ್ರೇಮಿಗಾ, ಬೋರ್ಡಿಗಾ? ಮೊದಲು ಬಾಕ್ಸಾ, ಮೊದಲು ಬೋರ್ಡಾ? ಮಾಡಿಸಿದವರು, ಮಾಡಿದವರು ದಯವಿಟ್ಟು ಹೇಳಿ.

ಸುಮ್ನೆ_ಓದುಗ

ಇಷ್ಟೆಲ್ಲ ಯಾಕೆ ಸರ್? ಪಿವಿಸಿ ಕೇಸಿಂಗ್ ಕ್ಯಾಪಿಂಗ್ ಪಟ್ಟಿ ಹೊಡೆಸಿ, ಸರ್ಫೇಸ್ ಬಾಕ್ಸ್ ಹಾಕಿಸಿ. ಬೇಗ ಮುಗಿಯುತ್ತೆ. ಮುಂದೆ ಏನಾದರೂ ಕೆಟ್ಟರೆ ಮುಚ್ಚಳ ತೆಗೆದು ನೋಡಬಹುದು.

ಕಲ್ಲುಗೋಡೆ_ತುಮಕೂರು

ಅಮ್ಮನಿಗೆ ಗೋಡೆ ಮೇಲೆ ಪಟ್ಟಿ ನೋಡಿ ನೋಡಿ ಸಾಕಾಗಿದೆಯಂತೆ. ಆ ದಾರಿ ಮುಚ್ಚಿದೆ.

ವೈರ್‌ಮನ್_ಪೇಟೆ

ನಿಮ್ಮ ಎಲೆಕ್ಟ್ರಿಷಿಯನ್ ಹೇಳಿದ್ದು ಸರಿ. ಇಂಟೀರಿಯರ್‌ನವರು ಹೇಳಿದ್ದೂ ಪೂರ್ತಿ ಸುಳ್ಳಲ್ಲ. ಲೆಕ್ಕ ಹಾಕಿ ನೋಡೋಣ.

ಮಾಡ್ಯುಲರ್ ಪ್ಲೇಟಿಗೆ ಬರುವ ಮೆಟಲ್ ಬಾಕ್ಸ್ ಸಾಮಾನ್ಯವಾಗಿ 50 ಮಿಮೀ ಆಳ. ಬಾಕ್ಸಿನ ಬಾಯಿ ಬೋರ್ಡಿನ ಮುಂಭಾಗಕ್ಕೆ ಸಮ ಇರಬೇಕು. ಗೋಡೆಗೆ ಹೊಡೆಯುವ ಬೋರ್ಡ್ ದಪ್ಪ 12.5 ಮಿಮೀ. ಅಂದರೆ ಬೋರ್ಡಿನ ಹಿಂದೆ ಬಾಕ್ಸಿಗೆ ಬೇಕಾದ ಜಾಗ 37.5 ಮಿಮೀ. ಒಂದಿಂಚಿನ ಸೆಕ್ಷನ್ನನ್ನು (ಫ್ರೇಮಿನ ತಗಡಿನ ಪಟ್ಟಿ) ನೇರ ಗೋಡೆಗೆ ಒತ್ತಿ ಹೊಡೆದರೆ ಹಿಂದೆ ಸಿಗುವುದು 25, 26 ಮಿಮೀ. ಸುಮಾರು ಅರ್ಧ ಇಂಚು ಕಮ್ಮಿ ಬೀಳುತ್ತದೆ. ಅದೇ ಸೆಕ್ಷನ್ನನ್ನು ಎಲ್ ಆಕಾರದ ಬ್ರಾಕೆಟ್ ಕೊಟ್ಟು ಗೋಡೆಯಿಂದ 15 ಮಿಮೀ ಮುಂದಕ್ಕೆ ನಿಲ್ಲಿಸಿದರೆ 40 ದಾಟುತ್ತದೆ. ಬಾಕ್ಸ್ ಕೂರುತ್ತದೆ. ಬೋರ್ಡ್ ಸೇರಿ ಒಟ್ಟು ಎರಡು ಇಂಚು ಚಿಲ್ಲರೆ. ಪೈಪ್ ಬಾಕ್ಸಿನ ಮೇಲುಗಡೆಯಿಂದ ಇಳಿಯಬೇಕು, ಬೆನ್ನಿನಿಂದ ಬರಬಾರದು. ಬೆನ್ನಿನಿಂದ ತರಲು ಹೋದರೆ ಬೆಂಡಿಗೆ ಮತ್ತೆ ಜಾಗ ಬೇಕಾಗುತ್ತದೆ.

ಇನ್ನೊಂದು ದಾರಿ ಸ್ಟಡ್, ಅಂದರೆ ನೆಟ್ಟಗೆ ನಿಲ್ಲುವ ತಗಡಿನ ಕಂಬಿ. ನೆಲದಲ್ಲಿ ಒಂದು ಚಾನೆಲ್, ಸೀಲಿಂಗಲ್ಲಿ ಒಂದು ಚಾನೆಲ್, ನಡುವೆ 50 ಮಿಮೀ ಸ್ಟಡ್ ನಿಲ್ಲಿಸುವುದು. ಕಲ್ಲುಗೋಡೆಗೆ ತಾಗುವುದೇ ಇಲ್ಲ, 10 ಮಿಮೀ ಬಿಟ್ಟು ನಿಲ್ಲುತ್ತದೆ. ಬೋರ್ಡ್ ಸೇರಿ ಹತ್ತಿರ ಹತ್ತಿರ ಮೂರು ಇಂಚು. ಬಾಕ್ಸಿಗೆ ಧಾರಾಳ ಜಾಗ. ಎದುರುಬದುರು ಎರಡೂ ಗೋಡೆಗೆ ಮಾಡಿಸಿದರೆ 10 ಅಡಿ ರೂಮು ಆರು ಇಂಚು ಕಮ್ಮಿ ಆಗುತ್ತದೆ. ಬ್ರಾಕೆಟ್ ದಾರಿಯಲ್ಲಿ ನಾಲ್ಕು ಇಂಚು ಹತ್ತಿರ.

ಈಗ ಮುಖ್ಯ ಮಾತು. ಬಾಕ್ಸ್ ಯಾವತ್ತೂ ಫ್ರೇಮಿಗೆ. ಎರಡು ಸ್ಟಡ್ ನಡುವೆ ಅಡ್ಡ ಒಂದು ಚಾನೆಲ್ ತುಂಡು ಅಥವಾ 12 ಮಿಮೀ ಪ್ಲೈವುಡ್ ಪಟ್ಟಿ ಕೊಟ್ಟು, ಅದಕ್ಕೆ ಸ್ಕ್ರೂ ಹೊಡೆದು ಬಾಕ್ಸ್ ಹಿಡಿಸಬೇಕು. ಬೋರ್ಡಿಗೆ ಕಿವಿ ಹಿಡಿಸುವ ಡ್ರೈವಾಲ್ ಬಾಕ್ಸೂ ಮಾರ್ಕೆಟಲ್ಲಿ ಸಿಗುತ್ತದೆ. ಎರಡು ಸ್ವಿಚ್ ಇರುವ ಸಣ್ಣ ಬಾಕ್ಸಿಗೆ, ಬೋರ್ಡ್ ಹೊಡೆದ ಮೇಲೆ ಒಂದು ಪಾಯಿಂಟ್ ಜಾಸ್ತಿ ಬೇಕಾದರೆ ಅದು ಸರಿ. 16 ಆಂಪ್ ಸಾಕೆಟಿಗೆ ಬೇಡವೇ ಬೇಡ. ಐರನ್ ಬಾಕ್ಸ್ ಪ್ಲಗ್ ದಿನಾ ಎಳೆದೂ ಎಳೆದೂ ಬೋರ್ಡಿನ ತೂತೇ ಸವೆಯುತ್ತದೆ. ಒಳಗಿರುವುದು ಜಿಪ್ಸಮ್, ಹೊರಗಿರುವುದು ಕಾಗದ. ಹಿಡಿತ ಎಲ್ಲಿಂದ ಬರಬೇಕು?

ಬೋರ್ಡ್_ಮೇಸ್ತ್ರಿ

ಅಣ್ಣ ಹೇಳಿದ ಲೆಕ್ಕ ಸರಿ ಇದೆ. ಆದರೆ ಅದು ಗೋಡೆ ನೆಟ್ಟಗಿದ್ದರೆ. ಸೈಜ್ ಕಲ್ಲಿನ ಗೋಡೆ ನೆಟ್ಟಗಿರುವುದು ನಾನಂತೂ ನೋಡಿಲ್ಲ. ಮೊದಲು ತೂಕದ ಗುಂಡು ಬಿಟ್ಟು, ಅಡ್ಡಕ್ಕೆ ನೂಲು ಕಟ್ಟಿ, ಗೋಡೆ ಎಲ್ಲಿ ಹೆಚ್ಚು ಉಬ್ಬಿದೆ ಅಂತ ಹುಡುಕಿ. ಆ ಉಬ್ಬಿನಿಂದ 40 ಮಿಮೀ ಅಳೆದು ನೆಲದ ಮೇಲೆ ಗೀಟು ಹಾಕಿ. ತಗ್ಗಿರುವ ಕಡೆ ಹಿಂದೆ ಜಾಗ ತಾನಾಗೇ ಜಾಸ್ತಿ ಸಿಗುತ್ತದೆ. ಬುದ್ಧಿ ಇದ್ದವರು ಬಾಕ್ಸನ್ನು ಆ ತಗ್ಗಿರುವ ಕಡೆಗೇ ಸರಿಸುತ್ತಾರೆ.

ಬ್ರಾಕೆಟ್ ದಾರಿಗೆ ಇನ್ನೊಂದು ತೊಂದರೆ ಇದೆ. ಪ್ರತಿ ಬ್ರಾಕೆಟ್ಟಿಗೂ ಕಲ್ಲಲ್ಲಿ ತೂತು ಕೊರೆದು ಗಿಟ್ಟಿ (ಸ್ಕ್ರೂ ಹಿಡಿಯುವ ಬೆಣೆ) ಹೊಡೆಯಬೇಕು. ಸಂದಿನ ಗಾರೆಗೆ ಹೊಡೆದರೆ ಸುಲಭ, ಆದರೆ ಹಳೇ ಗಾರೆ ಪುಡಿ ಆಗಿರುತ್ತದೆ, ಕೈಯಲ್ಲಿ ಎಳೆದರೂ ಬರುತ್ತದೆ. ಕಲ್ಲಿಗೇ ಹೊಡೆಯಬೇಕು ಅಂದರೆ ಒಳ್ಳೆ ಹ್ಯಾಮರ್ ಡ್ರಿಲ್ ಬೇಕು, ಬಿಟ್ ಬೇಗ ಮೊಂಡಾಗುತ್ತದೆ. ಸ್ಟಡ್ ದಾರಿಯಲ್ಲಿ ಈ ಗೋಳಿಲ್ಲ. ನೆಲಕ್ಕೂ ಸ್ಲ್ಯಾಬಿಗೂ ಮಾತ್ರ ತೂತು, 600 ಮಿಮೀಗೊಂದು. ಆದರೆ ನಿಮ್ಮದು ರೆಡ್ ಆಕ್ಸೈಡ್ ನೆಲ. ಒಮ್ಮೆ ತೂತು ಬಿದ್ದರೆ ಮುಂದೆ ಲೈನಿಂಗ್ ತೆಗೆದ ದಿನ ಆ ಗುರುತು ಹೋಗುವುದಿಲ್ಲ. ಗೋಡೆಯ ಬುಡದಲ್ಲೇ ಇರುವುದರಿಂದ ನನಗೆ ಅದು ದೊಡ್ಡ ನಷ್ಟ ಅನ್ನಿಸಲ್ಲ. ಮನೆಯವರಿಗೆ ಅನ್ನಿಸಬಹುದು, ಕೇಳಿಕೊಳ್ಳಿ.

ಕರಾವಳಿ_ಮುರಕಲ್ಲು

ಮಾರಾಯ್ರೇ, ಬಾಕ್ಸ್ ಆಮೇಲೆ. ಗೋಡೆ ಒಣಗಿದೆಯಾ ಅಂತ ಯಾರೂ ಕೇಳಲಿಲ್ಲವಲ್ಲ! ಉಡುಪಿ ಕಡೆ ಮುರಕಲ್ಲಿನ (ಕೆಂಪು ಜಂಬಿಟ್ಟಿಗೆ ಕಲ್ಲು) ಗೋಡೆಗೆ ಹೀಗೇ ಜಿಪ್ಸಮ್ ಬೋರ್ಡ್ ಹೊಡೆಸಿದ ಮನೆ ನೋಡಿದ್ದೇನೆ. ಮಳೆಗಾಲ ಮುಗಿಯುವಷ್ಟರಲ್ಲಿ ಬೋರ್ಡಿನ ಕೆಳಗಿನ ಅಂಚು ಕಪ್ಪಾಗಿ ಬೂಸ್ಟು ಹಿಡಿದಿತ್ತು. ಹೊರಗೆ ಬಣ್ಣ ಚಂದ, ಒಳಗೆ ವಾಸನೆ.

ಒಂದು ಸುಲಭದ ಪರೀಕ್ಷೆ ಉಂಟು. ಒಂದಡಿ ಚೌಕದ ಪ್ಲಾಸ್ಟಿಕ್ ಹಾಳೆಯನ್ನು ಗೋಡೆಗೆ ಇಟ್ಟು ನಾಲ್ಕೂ ಕಡೆ ಟೇಪ್ ಹಾಕಿ ಎರಡು ದಿನ ಬಿಡಿ. ಹಾಳೆಯ ಗೋಡೆ ಕಡೆ ಮೈಯಲ್ಲಿ ನೀರಿನ ಹನಿ ಕೂತರೆ ಶೀತ ಗೋಡೆಯಿಂದಲೇ ಬರುತ್ತಿದೆ. ರೂಮಿನ ಕಡೆ ಮೈಯಲ್ಲಿ ಕೂತರೆ ಅದು ರೂಮಿನ ಗಾಳಿಯದ್ದು. ನೆಲದಿಂದ ಒಂದಡಿ ಎತ್ತರದಲ್ಲೊಂದು, ಕಿಟಕಿ ಕೆಳಗೊಂದು ಹಾಕಿ ನೋಡಿ. ಬೇಸಿಗೆಯಲ್ಲಿ ಮಾಡಿದರೆ ಗೋಡೆ ಒಳ್ಳೆಯವನ ಹಾಗೆ ನಟಿಸುತ್ತದೆ, ಮಳೆ ಬಿದ್ದ ಮೇಲೆ ಮಾಡಿ.

ಹಸಿರು ಕಾಗದದ ಬೋರ್ಡ್ ಹಾಕಿದರೆ ಆಯಿತು ಅನ್ನುವವರಿದ್ದಾರೆ. ಅದು ಗಾಳಿಯ ತೇವ ತಡೆಯುತ್ತದೆ, ಗೋಡೆಯಿಂದ ನೀರು ಬರುತ್ತಾ ಇದ್ದರೆ ಅದಕ್ಕೂ ಆಗುವುದಿಲ್ಲ. ನಮ್ಮ ಕಡೆ ನಾನು ಸಿಮೆಂಟ್ ಫೈಬರ್ ಬೋರ್ಡೇ ಹಾಕಿ ಅನ್ನುವುದು. ಭಾರ ಜಾಸ್ತಿ, ಕತ್ತರಿಸುವಾಗ ಧೂಳೂ ಜಾಸ್ತಿ, ಆದರೆ ನೀರಿಗೆ ಮೆತ್ತಗಾಗುವುದಿಲ್ಲ.

ಕಲ್ಲುಗೋಡೆ_ತುಮಕೂರು

ಹೊರಗಡೆ ಸಂದುಗಳಿಗೆ ಹೋದ ವರ್ಷ ಪಾಯಿಂಟಿಂಗ್ ಮಾಡಿಸಿದ್ದೇವೆ. ಗೋಡೆಯಲ್ಲಿ ಎಲ್ಲೂ ಉಪ್ಪು ಬಿಟ್ಟಿಲ್ಲ. ಪ್ಲಾಸ್ಟಿಕ್ ಪರೀಕ್ಷೆ ಈ ವಾರವೇ ಮಾಡುತ್ತೇನೆ, ಇಲ್ಲಿ ಮಳೆ ಶುರುವಾಗಿದೆ. ಗೆದ್ದಲು ಮಾತ್ರ ಹಿತ್ತಲಲ್ಲಿ ಇದೆ.

ಬೋರ್ಡ್_ಮೇಸ್ತ್ರಿ

ಹಿತ್ತಲಲ್ಲಿ ಗೆದ್ದಲು ಇದ್ದರೆ ಮೊದಲು ಅದಕ್ಕೆ ಔಷಧಿ. ಗೆದ್ದಲಿಗೆ ಜಿಪ್ಸಮ್ ಬೇಡ, ಅದರ ಮೇಲಿನ ಕಾಗದ ಬೇಕು. ಬೋರ್ಡ್ ಹಿಂದೆ ಏನು ನಡೆಯುತ್ತಿದೆ ಅಂತ ನಿಮಗೆ ಕಾಣುವುದೂ ಇಲ್ಲ. ಬಾಕ್ಸಿಗೆ ಪ್ಲೈವುಡ್ ಕೊಡುವ ಬದಲು ಜಿಐ ತುಂಡನ್ನೇ ಕೊಡಿಸಿ. ಹಳೇ ಮರದ ರೀಪರ್‌ಗಳನ್ನು ಒಂದೂ ಬಿಡದೆ ಕೀಳಿಸಿ. "ಹಿಂದೆ ಇರಲಿ ಬಿಡಿ ಸಾರ್, ಕಾಣಲ್ಲ" ಅನ್ನುತ್ತಾರೆ. ಬಿಡಬೇಡಿ.

ಹುಬ್ಬಳ್ಳಿ_ಅಕ್ಕ

ನಾ ಒಂದು ಕೇಳ್ತೀನ್ರೀ. ನಿಮ್ಮ ಒಳಗೋಡೆಗಳೂ ಕಲ್ಲಿನವೇನು? ಬರೇ ಹೊರಗೋಡೆ ಕಲ್ಲು ಅಂದ್ರಿ. ಒಳಗೋಡೆ ಇಟ್ಟಂಗಿ ಇದ್ದರೆ ಸ್ವಿಚ್ ಬೋರ್ಡ್ ಎಲ್ಲ ಅಲ್ಲೇ ತಗೊಂಡು ಹೋಗ್ರಿ. ಇಟ್ಟಂಗಿ ಗೋಡಿ ಕೊರಿಯೋದು ಏನು ಮಹಾ. ಹೊರಗೋಡೆ ಮ್ಯಾಲೆ ನಿಮಗ ಖರೇನ ಎಷ್ಟು ಪಾಯಿಂಟ್ ಬೇಕು, ಒಂದು ಕಾಗದದ ಮ್ಯಾಲೆ ಬರಿರಿ ನೋಡೋಣು. ಮನಿ ತುಂಬ ಲೈನಿಂಗ್ ಮಾಡಿಸಿ ರೂಮ್ ಸಣ್ಣದು ಮಾಡ್ಕೊಳ್ಳೋದು ಯಾಕ?

ವೈರ್‌ಮನ್_ಪೇಟೆ

ಅಕ್ಕ, ನಾವೆಲ್ಲ ಮೊದಲೇ ಕೇಳಬೇಕಾದ ಪ್ರಶ್ನೆ ಇದು.

ಕಲ್ಲುಗೋಡೆ_ತುಮಕೂರು

ಹೌದು ಅಕ್ಕ, ಒಳಗೋಡೆ ನಾಲ್ಕೂವರೆ ಇಂಚಿನ ಇಟ್ಟಿಗೆ. ಬರೆದು ನೋಡಿದೆ. ಬಾಗಿಲ ಪಕ್ಕದ ಸ್ವಿಚ್ ಬೋರ್ಡ್ ಎಲ್ಲಾ ಒಳಗೋಡೆಯಲ್ಲೇ ಬರುತ್ತದೆ. ಕಲ್ಲುಗೋಡೆ ಮೇಲೆ ಉಳಿಯುವುದು ಮಂಚದ ತಲೆ ಕಡೆ ಎರಡು ಪಾಯಿಂಟ್, ಹಾಲ್‌ನಲ್ಲಿ ಟಿವಿ ಗೋಡೆ, ಒಂದು ಎಸಿ ಪಾಯಿಂಟ್. ಮೂರು ಗೋಡೆ ಸಾಕು ಹಾಗಾದರೆ! ಆದರೆ ನಾಲ್ಕೂವರೆ ಇಂಚಿನ ಗೋಡೆಯನ್ನು ಎರಡು ಇಂಚು ಕೊರೆದರೆ ಉಳಿಯುವುದೇನು?

ವೈರ್‌ಮನ್_ಪೇಟೆ

ಬಾಕ್ಸ್ ಇರುವ ಅಷ್ಟಗಲ ಜಾಗ ಮಾತ್ರ ಆಳ, ಗೋಡೆ ತಡೆಯುತ್ತದೆ. ಆದರೆ ಅದೇ ಜಾಗದಲ್ಲಿ ಗೋಡೆಯ ಆ ಕಡೆ ಇನ್ನೊಂದು ಬಾಕ್ಸ್ ಬರಬಾರದು. ಬೆನ್ನಿಗೆ ಬೆನ್ನು ಬಂದರೆ ಒಂದು ಕಿಟಕಿ ಕೊರೆದ ಹಾಗೇ. ಪೈಪಿಗೆ ಲಂಬವಾಗಿ ಕೊರೆಯಿರಿ. ಸಾಮಾನ್ಯವಾಗಿ ಹೇಳುವ ಲೆಕ್ಕ ಏನೆಂದರೆ ಲಂಬ ಕೊರೆತ ಗೋಡೆ ದಪ್ಪದ ಮೂರನೇ ಒಂದು ಭಾಗ ಮೀರಬಾರದು, ಅಡ್ಡ ಕೊರೆತ ಆರನೇ ಒಂದು ಭಾಗ. ನಿಮ್ಮ 115 ಮಿಮೀ ಗೋಡೆಗೆ ಲಂಬ 38, ಅಡ್ಡ 19 ಮಿಮೀ. 25 ಮಿಮೀ ಪೈಪ್ ನೆಟ್ಟಗೆ ಇಳಿಯಬಹುದು, ಅಡ್ಡ ಓಡಬಾರದು. ಅಡ್ಡ ಓಡಬೇಕಾದ್ದೆಲ್ಲ ಸ್ಲ್ಯಾಬಿನ ಕೆಳಗೆ ಓಡಲಿ. ಹೇಗೂ ಮೂಲೆಗೆ ಒಂದು ಫಾಲ್ಸ್ ಸೀಲಿಂಗ್ ಪಟ್ಟಿ ಕೊಡಿಸಿದರೆ ಮುಚ್ಚಿಹೋಗುತ್ತದೆ. ಕಟಿಂಗ್ ಮಷಿನ್‌ನಲ್ಲಿ ಎರಡು ಗೀಟು ಎಳೆದು ನಡುವಿನದು ಮಾತ್ರ ಚಿಸೆಲ್ ಮಾಡಿಸಿ. ಬರೀ ಸುತ್ತಿಗೆಯಲ್ಲಿ ಹೊಡೆದರೆ ನಾಲ್ಕೂವರೆ ಇಂಚಿನ ಗೋಡೆ ಅಲ್ಲಾಡುತ್ತದೆ.

ಡಲ್ಲಾಸ್_ಕನ್ನಡಿಗ

ನಮಸ್ಕಾರ, ದೂರದಿಂದ ಒಂದು ಮಾತು. ಇಲ್ಲಿ ಮನೆ ಪೂರ್ತಿ ಮರದ ಸ್ಟಡ್, 16 ಇಂಚಿಗೊಂದು. ಇಲ್ಲಿ ಕ್ರಮ ಏನೆಂದರೆ ಬಾಕ್ಸ್ ಮೊದಲು, ಬೋರ್ಡ್ ಆಮೇಲೆ. ಬಾಕ್ಸನ್ನು ಸ್ಟಡ್ಡಿಗೆ ಹಿಡಿಸುವಾಗಲೇ ಬೋರ್ಡಿನ ದಪ್ಪದಷ್ಟು ಮುಂದಕ್ಕೆ ಚಾಚಿ ಇಡುತ್ತಾರೆ. ವೈರನ್ನು ಸುರುಳಿ ಸುತ್ತಿ ಬಾಕ್ಸಿನ ಆಳಕ್ಕೆ ತಳ್ಳಿರುತ್ತಾರೆ. ಆಮೇಲೆ ಬೋರ್ಡನ್ನು ಬಾಕ್ಸಿನ ಮೇಲೇ ಇಟ್ಟು, ಸುತ್ತ ಸ್ಕ್ರೂ ಬಿಗಿಯದೆ, ತಿರುಗುವ ಸಣ್ಣ ಕಟರ್ ತೂರಿಸಿ ಬಾಕ್ಸಿನ ಅಂಚು ಹಿಡಿದು ಸುತ್ತ ಕತ್ತರಿಸುತ್ತಾರೆ. ತೂತು ಬಾಕ್ಸಿಗೆ ಸರಿಯಾಗಿ ಬರುತ್ತದೆ.

ಇಲ್ಲಿನ ಎಲೆಕ್ಟ್ರಿಕಲ್ ಕೋಡ್ ಪ್ರಕಾರ ಜಿಪ್ಸಮ್ ಬೋರ್ಡಿನಂಥ ಸುಡದ ಮೈಯಲ್ಲಿ ಬಾಕ್ಸಿನ ಬಾಯಿ ಕಾಲು ಇಂಚಿಗಿಂತ ಒಳಗೆ ಹೋಗಬಾರದು. ಬಾಕ್ಸಿನ ಸುತ್ತಲ ಸಂದು ಎಂಟನೇ ಒಂದು ಇಂಚು, ಅಂದರೆ 3 ಮಿಮೀ ಮೀರಬಾರದು. ಸ್ಟಡ್ ತೂತಿನಲ್ಲಿ ಹೋಗುವ ಕೇಬಲ್, ಸ್ಟಡ್ಡಿನ ಅಂಚಿಗೆ ಒಂದೂಕಾಲು ಇಂಚಿಗಿಂತ ಹತ್ತಿರ ಇದ್ದರೆ ಮುಂದೆ ಒಂದು ಉಕ್ಕಿನ ಪಟ್ಟಿ ಹೊಡೆಯಬೇಕು. ಬೋರ್ಡ್ ಸ್ಕ್ರೂ ವೈರಿಗೆ ಇಳಿಯಬಾರದಲ್ಲ, ಅದಕ್ಕೆ. ಈ ಅಳತೆಗಳು ನಿಮಗೆ ಕಾನೂನಲ್ಲ, ಆದರೆ ಅದರ ಹಿಂದಿನ ಕಾರಣ ತುಮಕೂರಿಗೂ ಒಂದೇ.

ಬೋರ್ಡ್_ಮೇಸ್ತ್ರಿ

ಸರ್, ಆ ಕಟರ್ ನಮ್ಮ ಹುಡುಗರ ಹತ್ತಿರ ಇಲ್ಲ. ಇದ್ದರೂ ನಮ್ಮ ಮೆಟಲ್ ಬಾಕ್ಸಿನ ಅಂಚಿಗೆ ಆ ಬಿಟ್ ತಾಗಿದರೆ ಎರಡೂ ಕೆಡುತ್ತವೆ. ನಾವು ಮಾಡುವುದು ಹೀಗೆ. ಬಾಕ್ಸ್ ಫ್ರೇಮಿಗೆ ಹಿಡಿಸಿದ ಮೇಲೆ, ನೂಲು ಹೊಡೆಯುವ ಬಣ್ಣದ ಪುಡಿಯನ್ನು ನೀರಲ್ಲಿ ಕಲೆಸಿ ಬಾಕ್ಸಿನ ಬಾಯಂಚಿಗೆ ಸವರುತ್ತೇವೆ. ಬೋರ್ಡನ್ನು ಎತ್ತಿ ಅದರ ಜಾಗದಲ್ಲಿ ನಿಲ್ಲಿಸಿ ಅಂಗೈಯಲ್ಲಿ ಒತ್ತುತ್ತೇವೆ. ಹಿಂಭಾಗದಲ್ಲಿ ಅಚ್ಚು ಬೀಳುತ್ತದೆ. ಕೆಳಗಿಳಿಸಿ, ಅಚ್ಚಿನ ನಾಲ್ಕು ಮೂಲೆಗೆ ತೂತು ಹೊಡೆದು, ಮುಂಭಾಗದಲ್ಲಿ ಗೀಟು ಹಾಕಿ, ಬ್ಲೇಡಲ್ಲಿ ಕಾಗದ ಸೀಳಿ, ಆಮೇಲೆ ಚೂಪು ಮೂತಿಯ ಕೈಗರಗಸದಲ್ಲಿ ಕತ್ತರಿಸುತ್ತೇವೆ. ಕಾಗದ ಮೊದಲು ಸೀಳದಿದ್ದರೆ ಗರಗಸ ಅದನ್ನು ಹರಿದು ಎಳೆಯುತ್ತದೆ, ಪ್ಲೇಟಿನ ಹೊರಗೂ ಕಾಣುತ್ತದೆ. ಇಬ್ಬರು ಬೇಕು ಈ ಕೆಲಸಕ್ಕೆ. 6 ಅಡಿಗೆ 4 ಅಡಿ ಬೋರ್ಡೇ ಹತ್ತಿರ ಹತ್ತಿರ 20 ಕೆಜಿ, ಒಬ್ಬನೇ ಹಿಡಿದು ಒತ್ತಿದರೆ ಅಚ್ಚು ಜರುಗುತ್ತದೆ.

ಟೇಪ್ ಹಿಡಿದು ಅಳೆದು ಕತ್ತರಿಸುವವರೂ ಇದ್ದಾರೆ. ಎಡಬಲ ತಿರುವುಮುರುವು ಆಗಿ ಬೋರ್ಡ್ ಹಾಳಾಗುವುದು ಅಲ್ಲೇ.

ಇನ್ನೊಂದು. ಬೋರ್ಡಿನ ಜಾಯಿಂಟ್ ಬಾಕ್ಸಿನ ಮೇಲೆ ಹಾದುಹೋಗದ ಹಾಗೆ ಮೊದಲೇ ನೋಡಿಕೊಳ್ಳಿ. ಕಿಟಕಿ ಮೂಲೆಯಲ್ಲೂ ಜಾಯಿಂಟ್ ಬರಬಾರದು. ಅಲ್ಲಿ ಬೋರ್ಡನ್ನು ಎಲ್ ಆಕಾರಕ್ಕೆ ಕತ್ತರಿಸಿ ಕೂರಿಸಬೇಕು, ಇಲ್ಲದಿದ್ದರೆ ಮೂಲೆಯಿಂದ ಗೆರೆ ಬಿಡುತ್ತದೆ.

ಸುಮ್ನೆ_ಓದುಗ

ಬಾಕ್ಸ್ ಎರಡು ಮೂರು ಮಿಮೀ ಒಳಗೋ ಹೊರಗೋ ಇದ್ದರೆ ಏನಾಗುತ್ತೆ? ಪ್ಲೇಟ್ ಮುಚ್ಚಿಕೊಳ್ಳಲ್ವಾ?

ವೈರ್‌ಮನ್_ಪೇಟೆ

ಒಳಗಿದ್ದರೆ ನಡೆಯುತ್ತದೆ, ಉದ್ದದ ಸ್ಕ್ರೂ ಹಾಕಿದರಾಯಿತು. ಹೊರಗೆ ಬಂದಿದ್ದರೆ ಆಗುವುದಿಲ್ಲ. ಪ್ಲೇಟು ಬೋರ್ಡಿಗೆ ಕೂರದೆ ಸುತ್ತ ನೆರಳಿನ ಗೆರೆ ಬೀಳುತ್ತದೆ. ಒತ್ತಿ ಬಿಗಿಯಲು ಹೋದರೆ ಫ್ರೇಮಿನ ಪ್ಲಾಸ್ಟಿಕ್ ಬಾಗಿ, ಸ್ವಿಚ್ ಒತ್ತಿದಾಗ ಸಿಕ್ಕಿಕೊಳ್ಳುತ್ತದೆ. ಹಾಗಾಗಿ ನಾನು ಯಾವಾಗಲೂ ಬೋರ್ಡಿನ ಮೈಗೆ ಸಮ, ಇಲ್ಲವೇ 1 ಮಿಮೀ ಒಳಗೆ ಇಡಿಸುತ್ತೇನೆ. ರಸಮಟ್ಟ ಇಟ್ಟು ನೋಡಿ ಕೂರಿಸಿ. ಬೋರ್ಡ್ ಗೋಡೆ ಕನ್ನಡಿಯಂತೆ ನೆಟ್ಟಗಿರುತ್ತದೆ, ಅದರ ಮೇಲೆ ಸೊಟ್ಟ ಪ್ಲೇಟು ದೂರದಿಂದಲೇ ಕಾಣುತ್ತದೆ.

ಬೋರ್ಡ್ ಮುಚ್ಚುವ ಮೊದಲು ಮಾಡಲೇಬೇಕಾದ ಕೆಲವು ಇವೆ. ಬೋರ್ಡಿನವರು ಅವಸರ ಮಾಡುತ್ತಾರೆ, ನಿಲ್ಲಿಸಿ.

ವೈರನ್ನು ಪೈಪ್ ಇಲ್ಲದೆ ಹಾಗೇ ಹಿಂದೆ ಬಿಡಬಾರದು. ಜಾಗ ಇದೆಯಲ್ಲ ಅಂತ ಬಿಡುವವರಿದ್ದಾರೆ. ಇಲಿ ಕಡಿಯುತ್ತದೆ, ಸ್ಟಡ್ಡಿನ ತಗಡಿನ ಅಂಚು ಕೊಯ್ಯುತ್ತದೆ, ಮುಂದೆ ವೈರ್ ಬದಲಿಸಬೇಕಾದರೆ ಬೋರ್ಡ್ ಒಡೆಯಬೇಕು. ಗಟ್ಟಿ ಪಿವಿಸಿ ಪೈಪ್, ಸ್ಟಡ್ ದಾಟುವಲ್ಲಿ ತೂತಿಗೆ ರಬ್ಬರ್ ಗ್ರಾಮೆಟ್ (ಅಂಚು ಕೊಯ್ಯದ ಹಾಗೆ ಹಾಕುವ ಬಳೆ), ಪೈಪಿಗೆ ಕ್ಲಾಂಪ್. ಪೈಪ್ ಬಾಕ್ಸಿನಿಂದ ನೆಟ್ಟಗೆ ಮೇಲಕ್ಕೆ ಹೋಗಲಿ. ಓರೆಯಾಗಿ ಹೋದರೆ ಹತ್ತಿರದ ದಾರಿ ನಿಜ, ಆದರೆ ಮುಂದೊಂದು ದಿನ ಫೋಟೋ ತಗುಲಿಸಲು ಮೊಳೆ ಹೊಡೆಯುವವರಿಗೆ ಅದು ಎಲ್ಲಿದೆ ಅಂತ ಹೇಗೆ ಗೊತ್ತಾಗಬೇಕು?

ಮೆಟಲ್ ಬಾಕ್ಸಿಗೆ ಹಸಿರು ವೈರ್ ಕಡ್ಡಾಯ. ಜಿಐ ಫ್ರೇಮಿಗೂ ಒಂದು ಅರ್ತ್ ಕೊಡಿಸಿ. ಎಲ್ಲೋ ಒಂದು ಸ್ಕ್ರೂ ಫೇಸ್ ವೈರಿಗೆ ತಾಗಿದರೆ ಇಡೀ ಗೋಡೆಯ ಫ್ರೇಮಿಗೆ ಕರೆಂಟ್ ಬರಬಹುದು. ಅರ್ತ್ ಇದ್ದು, ಡಿಬಿಯಲ್ಲಿ (ಎಂಸಿಬಿಗಳಿರುವ ಪೆಟ್ಟಿಗೆ) 30 ಮಿಲಿಆಂಪ್ ಆರ್‌ಸಿಸಿಬಿ, ಅಂದರೆ ಕರೆಂಟ್ ಸೋರಿದರೆ ಲೈನ್ ಕಡಿಯುವ ಸ್ವಿಚ್, ಇದ್ದರೆ ಅದು ತಕ್ಷಣ ಬೀಳುತ್ತದೆ. ಇಲ್ಲದಿದ್ದರೆ ಒದ್ದೆ ಕೈಯಲ್ಲಿ ಮುಟ್ಟಿದವರಿಗೇ ಗೊತ್ತಾಗುವುದು.

ವೈರ್ ಎಳೆದ ಮೇಲೆ, ಸ್ವಿಚ್ ಜೋಡಿಸುವ ಮೊದಲು 500 ವೋಲ್ಟ್ ಮೆಗ್ಗರ್ (ವೈರಿನ ಇನ್ಸುಲೇಷನ್ ಪರೀಕ್ಷಿಸುವ ಮೀಟರ್) ಹಾಕಿಸಿ. ಒಂದು ಮೆಗಾಓಮ್‌ಗಿಂತ ಕಡಿಮೆ ತೋರಿಸಿದರೆ ಏನೋ ಕೆಟ್ಟಿದೆ. ಹೊಸ ವೈರಾದರೆ ಅದಕ್ಕಿಂತ ಎಷ್ಟೋ ಪಟ್ಟು ಜಾಸ್ತಿ ಬರಬೇಕು. ಬೋರ್ಡ್ ಸ್ಕ್ರೂ ಹೊಡೆದು ಮುಗಿದ ಮೇಲೆ ಇನ್ನೊಮ್ಮೆ ಹಾಕಿಸಿ. ಮೊದಲು ಚೆನ್ನಾಗಿದ್ದು ಆಮೇಲೆ ಬಿದ್ದರೆ ಸ್ಕ್ರೂ ಎಲ್ಲೋ ಇಳಿದಿದೆ ಅಂತ ಆಗಲೇ ಗೊತ್ತಾಗುತ್ತದೆ. ಪುಟ್ಟಿ, ಬಣ್ಣ ಆದ ಮೇಲೆ ಗೊತ್ತಾದರೆ ಯಾರ ತಪ್ಪು ಅಂತ ಪಂಚಾಯಿತಿ ಶುರು.

ಹುಬ್ಬಳ್ಳಿ_ಅಕ್ಕ

ಮುಚ್ಚೋಕಿಂತ ಮೊದಲ ಪ್ರತಿ ಗೋಡಿದೂ ಫೋಟೋ ತಗೀರಿ. ಪೈಪಿನ ಪಕ್ಕ ಟೇಪ್ ಇಟ್ಟು, ಮೂಲಿಯಿಂದ ಎಷ್ಟು, ನೆಲದಿಂದ ಎಷ್ಟು ಅಂತ ಕಾಣೋ ಹಂಗ. ಡಿಬಿ ಬಾಗಿಲ ಒಳಗ ಒಂದು ಪ್ರಿಂಟ್ ಅಂಟಿಸಿ ಬಿಡ್ರಿ. ಫೋನ್ ಬದಲಾದರೂ ಅದು ಇರ್ತದ.

ಕಲ್ಲುಗೋಡೆ_ತುಮಕೂರು

ಪ್ಲಾಸ್ಟಿಕ್ ಪರೀಕ್ಷೆ ಆಯಿತು. ಮಂಚದ ಕಡೆ ಗೋಡೆ, ಟಿವಿ ಗೋಡೆ ಎರಡೂ ಒಣ. ಎಸಿ ಬರಬೇಕಾದ ಗೋಡೆಯಲ್ಲಿ ಕಿಟಕಿ ಕೆಳಗೆ ಹಾಳೆಯ ಗೋಡೆ ಕಡೆ ಹನಿ ಇತ್ತು. ಕಿಟಕಿಯ ಹೊರಗಿನ ಅಂಚಿನಿಂದ ನೀರು ಇಳಿಯುತ್ತಿದೆ ಅನ್ನಿಸುತ್ತದೆ. ಆ ಗೋಡೆಗೆ ಲೈನಿಂಗ್ ಮಾಡಿಸುವುದು ಬೇಡ ಅಂತ ನಿರ್ಧರಿಸಿದೆವು. ಎಸಿಯನ್ನು ಒಳಗೋಡೆಗೆ ತಂದರೆ ಹೇಗೆ?

ವೈರ್‌ಮನ್_ಪೇಟೆ

ತರಬಹುದು. ತಾಮ್ರದ ಪೈಪೂ ನೀರಿನ ಪೈಪೂ ಹೊರಗೆ ಹೋಗಲು ದಾರಿ ಉದ್ದ ಆಗುತ್ತದೆ ಅಷ್ಟೇ. ನೀರಿನ ಪೈಪಿಗೆ ಇಳಿಜಾರು ಸಿಗುತ್ತದಾ ಅಂತ ಮೊದಲು ನೋಡಿ. ಎಸಿಗೆ ಡಿಬಿಯಿಂದ ಬೇರೆಯೇ ಲೈನ್, 4 ಚದರ ಮಿಮೀ ತಾಮ್ರ, ಬೇರೆ ಎಂಸಿಬಿ. ಅದನ್ನು ಬೇರೆ ಸಾಕೆಟ್ ಜೊತೆ ಸೇರಿಸಬೇಡಿ. ಹಳೇ ಅಲ್ಯೂಮಿನಿಯಂ ವೈರನ್ನು ಎಲ್ಲೂ ಉಳಿಸಿ ತಾಮ್ರದ ಜೊತೆ ತಿರುಚಿ ಸೇರಿಸಲು ಬಿಡಬೇಡಿ. ಆ ಜೋಡಣೆಯೇ ಮುಂದೆ ಬಿಸಿಯಾಗುವುದು.

ಕೆಲಸ ಮಾಡುವವರ ಹತ್ತಿರ ಲೈಸೆನ್ಸ್ ಇದೆಯಾ ಕೇಳಿ. ನಮ್ಮಲ್ಲಿ ವಿದ್ಯುತ್ ಪರಿವೀಕ್ಷಣಾಲಯ ಕೊಡುತ್ತದೆ. ಪೂರ್ತಿ ರೀವೈರಿಂಗ್ ಅಂದಮೇಲೆ ಇದು ಸುಮ್ನೆ ಕಾಗದದ ಮಾತಲ್ಲ.

ಕರಾವಳಿ_ಮುರಕಲ್ಲು

ಒಳ್ಳೆ ನಿರ್ಧಾರ ಮಾಡಿದಿರಿ. ಆ ಕಿಟಕಿ ಕೆಳಗಿನ ನೀರು ನಿಲ್ಲಿಸದೆ ಏನು ಹೊಡೆಸಿದರೂ ದಂಡ.

ನೆಲದ ವಿಷಯ ಒಂದು ಹೇಳಬೇಕು. ನಮ್ಮಲ್ಲಿ ನೆಲ ಒರೆಸುವುದು ಅಂದರೆ ಬಕೆಟ್ ನೀರು. ಬೋರ್ಡನ್ನು ನೆಲಕ್ಕೆ ತಾಗಿಸಿ ನಿಲ್ಲಿಸಿದರೆ ಬತ್ತಿ ಎಣ್ಣೆ ಹೀರಿದ ಹಾಗೆ ನೀರು ಹೀರುತ್ತದೆ. 10 ಮಿಮೀ ಎತ್ತಿ ಹೊಡೆಸಿ, ಕೆಳಗಿನ ಸಂದಿಗೆ ಸೀಲೆಂಟ್ ತುಂಬಿಸಿ, ಮೇಲೆ ಸ್ಕರ್ಟಿಂಗ್ ಕೊಡಿ. ಇಲಿ ನುಗ್ಗುವ ದಾರಿಯೂ ಮುಚ್ಚುತ್ತದೆ.

ಕಲ್ಲುಗೋಡೆ_ತುಮಕೂರು

ಟಿವಿ ಗೋಡೆಗೆ ಸ್ಟಡ್ ದಾರಿ, ಮಂಚದ ಗೋಡೆಗೆ ಬ್ರಾಕೆಟ್ ದಾರಿ ಅಂದುಕೊಂಡಿದ್ದೇವೆ. 55 ಇಂಚಿನ ಟಿವಿ, ಕೆಳಗೊಂದು ಶೆಲ್ಫ್. ಬೋರ್ಡ್ ತಡೆಯುತ್ತಾ?

ಬೋರ್ಡ್_ಮೇಸ್ತ್ರಿ

ಬೋರ್ಡ್ ತಡೆಯಬೇಕಾಗಿಲ್ಲ, ಹಿಂದೆ ಕೊಟ್ಟದ್ದು ತಡೆಯಬೇಕು. ಟಿವಿ ಬ್ರಾಕೆಟ್ ಬರುವ ಜಾಗಕ್ಕೆ ಸ್ಟಡ್ಡಿನಿಂದ ಸ್ಟಡ್ಡಿಗೆ 12 ಅಥವಾ 18 ಮಿಮೀ ಪ್ಲೈವುಡ್ ತುಂಡು, ಬೋರ್ಡ್ ಹೊಡೆಯುವ ಮೊದಲೇ. ಗೆದ್ದಲಿನ ಭಯಕ್ಕೆ ಬಿಡಬ್ಲ್ಯೂಪಿ (ಕುದಿನೀರಿಗೂ ಬಿಡದ ದರ್ಜೆಯ) ಪ್ಲೈ ತಗೊಂಡು, ಕತ್ತರಿಸಿದ ಅಂಚಿಗೆ ಔಷಧಿ ಸವರಿ. ಶೆಲ್ಫಿಗೂ ಹಾಗೇ. ಟಿವಿ ಜಾಗ ಇನ್ನೂ ಗಟ್ಟಿ ಇಲ್ಲದಿದ್ದರೆ ಪ್ಲೈ ತುಂಡನ್ನು ಅಗಲ ಕೊಡಿ, ಮುಂದೆ ಒಂದಡಿ ಆಚೀಚೆ ಆದರೂ ಸ್ಕ್ರೂ ಸಿಗುತ್ತದೆ. ಸೀಲಿಂಗ್ ಫ್ಯಾನ್ ಮಾತ್ರ ಯಾವ ಕಾರಣಕ್ಕೂ ಫಾಲ್ಸ್ ಸೀಲಿಂಗ್ ಫ್ರೇಮಿಗೆ ಬೇಡ, ಅದು ಸ್ಲ್ಯಾಬಿನ ಕೊಕ್ಕೆಗೇ.

ಟಿವಿ ಹಿಂದಿನ ಸಾಕೆಟ್ ಬಾಕ್ಸ್ ಈ ಪ್ಲೈಗೆ ಅಡ್ಡ ಬರದ ಹಾಗೆ ನಿಮ್ಮ ಎಲೆಕ್ಟ್ರಿಷಿಯನ್ ಜೊತೆ ಕೂತು ಗೋಡೆ ಮೇಲೇ ಸೀಮೆಸುಣ್ಣದಲ್ಲಿ ಚಿತ್ರ ಬರೆಸಿ. ಇಬ್ಬರನ್ನೂ ಒಂದೇ ದಿನ ಕರೆಸಿ, ಅರ್ಧ ದಿನ ಸಾಕು.

ಸ್ಕ್ರೂ ವಿಷಯ. ಕಪ್ಪು ಡ್ರೈವಾಲ್ ಸ್ಕ್ರೂ 25 ಮಿಮೀ, ಸುಮಾರು 9 ಇಂಚಿಗೊಂದು. ತಲೆ ಕಾಗದಕ್ಕಿಂತ ಚೂರು ಒಳಗೆ ಇಳಿಯಬೇಕು, ಕಾಗದ ಹರಿಯಬಾರದು. ಹರಿದರೆ ಆ ಸ್ಕ್ರೂ ಲೆಕ್ಕಕ್ಕಿಲ್ಲ, ಪಕ್ಕದಲ್ಲಿ ಇನ್ನೊಂದು. ಜಾಯಿಂಟಿಗೆ ಟೇಪ್ ಹಾಕಿ ಜಾಯಿಂಟ್ ಕಾಂಪೌಂಡ್ ಹಚ್ಚಬೇಕು. ಗೋಡೆಗೆ ಹಚ್ಚುವ ಬಿಳಿ ಸಿಮೆಂಟ್ ಪುಟ್ಟಿ ಅಲ್ಲಿ ಹಚ್ಚಿದರೆ ಕೂದಲೆಳೆ ಬಿರುಕು ಗ್ಯಾರಂಟಿ. ಪುಟ್ಟಿ ಶುರು ಮಾಡುವ ಮೊದಲು ಬಾಕ್ಸ್ ಬಾಯಿಗೆಲ್ಲ ಥರ್ಮಾಕೋಲ್ ತುಂಡೋ ಹಳೇ ಪೇಪರೋ ತುರುಕಿ. ಇಲ್ಲವಾದರೆ ಸ್ಕ್ರೂ ಹಿಡಿಸುವ ತೂತೆಲ್ಲ ಪುಟ್ಟಿ ತುಂಬಿ ಗಟ್ಟಿಯಾಗುತ್ತದೆ, ಆಮೇಲೆ ಎಲೆಕ್ಟ್ರಿಷಿಯನ್ ಬಯ್ಯುವುದು ನಮಗೆ.

ಡಲ್ಲಾಸ್_ಕನ್ನಡಿಗ

ಒಂದು ಸಣ್ಣ ಪ್ರಶ್ನೆ. ಲೈನಿಂಗ್ ಆದಮೇಲೆ ಗೋಡೆ ಮೂರು ಇಂಚು ಮುಂದೆ ಬರುತ್ತದಲ್ಲ, ಕಿಟಕಿ ಚೌಕಟ್ಟು ಒಳಗೆ ಹೋದ ಹಾಗೆ ಕಾಣುವುದಿಲ್ಲವೇ?

ಬೋರ್ಡ್_ಮೇಸ್ತ್ರಿ

ಕಾಣುತ್ತದೆ ಸರ್. ಕಿಟಕಿ ಸುತ್ತ ಬೋರ್ಡಿನ ಪಟ್ಟಿ ಮಡಚಿ ಒಳಕ್ಕೆ ತರುತ್ತೇವೆ, ಮೂಲೆಗೆ ಕಾರ್ನರ್ ಬೀಡ್ (ಅಂಚು ಕಾಯುವ ಪಟ್ಟಿ). ಕಿಟಕಿ ಬಾಗಿಲು ಒಳಕ್ಕೆ ತೆರೆಯುವಂಥದ್ದಾದರೆ ಪೂರ್ತಿ ತೆರೆಯುವುದಿಲ್ಲ, ಅದನ್ನು ಮೊದಲೇ ನೋಡಬೇಕು. ಕಿಟಕಿ ಪಕ್ಕ ಬಾಕ್ಸ್ ಇದ್ದರೆ ಆರು ಇಂಚಾದರೂ ದೂರ ಇಡಿ. ಅಂಚಿನಲ್ಲಿ ಒಂದು ಸ್ಟಡ್ ಕಡ್ಡಾಯ ಬರುತ್ತದೆ, ಬಾಕ್ಸ್ ಅದರ ಮೇಲೇ ಕೂರಬಾರದಲ್ಲ.

ಕಲ್ಲುಗೋಡೆ_ತುಮಕೂರು

ನಮ್ಮದು ಹೊರಕ್ಕೆ ತೆರೆಯುವ ಕಿಟಕಿ, ಬಚಾವು. ಕೊನೆಯದಾಗಿ ಒಂದು. ಟಿವಿ ಗೋಡೆಗೆ 8 ಮಾಡ್ಯೂಲ್ (ಎಂಟು ಸ್ವಿಚ್ ಅಳತೆಯ) ಬಾಕ್ಸ್ ಬೇಕು. ಅಂಗಡಿಯಲ್ಲಿ ಉದ್ದದ್ದು ಬೇಕಾ, ಚೌಕದ್ದು ಬೇಕಾ ಅಂತ ಕೇಳಿದರು. ಬೋರ್ಡ್ ಗೋಡೆಗೆ ಯಾವುದು ಒಳ್ಳೆಯದು?

ವೈರ್‌ಮನ್_ಪೇಟೆ

ಟಿವಿ ಹಿಂದೆ ಮುಚ್ಚಿಹೋಗುವುದಾದರೆ ಚೌಕದ್ದು ತಗೊಳ್ಳಿ. ನಾಲ್ಕೂ ಮೂಲೆ ಹತ್ತಿರ ಇರುವುದರಿಂದ ಅಡ್ಡಪಟ್ಟಿ ಒಂದೇ ಸಾಕು, ಪೈಪ್ ಎರಡು ಇಳಿಸಲು ಮೇಲುಗಡೆ ಜಾಗವೂ ಇರುತ್ತದೆ. ಉದ್ದದ್ದು ತಗೊಂಡರೆ ಎರಡು ತುದಿಗೂ ಆಧಾರ ಕೊಡಿಸಬೇಕು, ಇಲ್ಲದಿದ್ದರೆ ಪ್ಲಗ್ ಚುಚ್ಚುವಾಗ ಒಂದು ತುದಿ ಒಳಕ್ಕೆ ಹೋಗುತ್ತದೆ. ಟಿವಿ ಸಾಕೆಟ್ಟಿನ ಪಕ್ಕ ಕೇಬಲ್, ಇಂಟರ್ನೆಟ್ ವೈರಿಗೆ ಬೇರೆ ಬಾಕ್ಸ್, ಬೇರೆ ಪೈಪ್ ಇಡಿಸಿ. ಕರೆಂಟ್ ವೈರಿನ ಪೈಪಲ್ಲೇ ಅದನ್ನು ತೂರಿಸಬೇಡಿ. ಬಾಕ್ಸನ್ನು ಪ್ಲೇಟ್ ತೆಗೆದುಕೊಳ್ಳುವ ಅಂಗಡಿಯಲ್ಲೇ, ಅದೇ ಕಂಪನಿಯದ್ದೇ ತನ್ನಿ. ಸ್ಕ್ರೂ ತೂತಿನ ದೂರ ಒಂದಕ್ಕೊಂದು ಹೊಂದದಿದ್ದರೆ ಬೋರ್ಡ್ ಕತ್ತರಿಸಿದ ಮೇಲೆ ಬದಲಿಸಲು ಆಗುವುದಿಲ್ಲ. ಬಾಕ್ಸ್ ಕೈಗೆ ಬಂದ ಮೇಲೆ ಆಳ ಅಳೆದು ನೋಡಿ, ಆಮೇಲೆ ನೆಲದ ಮೇಲೆ ಗೀಟು ಹಾಕಿಸಿ.

ಕಲ್ಲುಗೋಡೆ_ತುಮಕೂರು

ಸರಿ ಅಣ್ಣ, ಚೌಕದ್ದೇ ತರುತ್ತೇನೆ. ಭಾನುವಾರ ಇಬ್ಬರನ್ನೂ ಒಟ್ಟಿಗೆ ಕರೆದಿದ್ದೇನೆ, ಸೀಮೆಸುಣ್ಣ ತಂದಿಟ್ಟಿದ್ದೇನೆ.